ಹನ್ನೆರಡಕ್ಕೆ ಮದುವೆ, ಇಪ್ಪತ್ತೆಂಟಕ್ಕೆ ರಾಜ್ಯಭಾರ: ವಾಣಿವಿಲಾಸ ಸನ್ನಿಧಾನದವರ ಬದುಕು

ಕಳೆದ ರಾಜ್ಯೋತ್ಸವದ ತಿಂಗಳಲ್ಲಿ ನಮ್ಮ ಕನ್ನಡ ಸಂಘದ ಕೆಲವರು ಸೇರಿ ದೊಡ್ಡಬೆಳವಂಗಲಕ್ಕೆ ಹೋಗಿದ್ವಿ. ದೊಡ್ಡಬಳ್ಳಾಪುರದಿಂದ ದಾಬಸ್‌ಪೇಟೆ ಕಡೆ ಹೋಗೋ ರಸ್ತೆಯಲ್ಲಿ ಸಿಗೋ ಹೋಬಳಿ ಊರು ಅದು. ನಮ್ಮ ಕ್ಲಾಸಿನ ಇಬ್ಬರು ದಿನಾ ಅಲ್ಲಿಂದಲೇ ಬಸ್ ಹತ್ತಿ ಬರ್ತಾರೆ. ಅಲ್ಲಿನ ಒಂದು ಶಾಲೆಯ ಮಕ್ಕಳಿಗೆ ಕರ್ನಾಟಕದ ಬಗ್ಗೆ ರಸಪ್ರಶ್ನೆ ಮಾಡೋದು ನಮ್ಮ ಕಾರ್ಯಕ್ರಮ. ವಿಶ್ವೇಶ್ವರಯ್ಯ, ಕುವೆಂಪು, ಕೆಂಪೇಗೌಡ ಎಲ್ಲಾ ಆಯ್ತು, ಮಕ್ಕಳು ಪಟಪಟ ಅಂತ ಉತ್ತರ ಕೊಟ್ರು. ಆಮೇಲೆ ವಾಣಿವಿಲಾಸ ಅಂದ್ರೆ ಯಾರು ಅಂತ ಕೇಳಿದ್ವಿ. ಇಡೀ ಕ್ಲಾಸು ಒಂದೇ ದನಿಯಲ್ಲಿ, ಬೆಂಗಳೂರಿನ ಆಸ್ಪತ್ರೆ ಅಂದ್ರು. ಒಂಬತ್ತನೇ ಕ್ಲಾಸಿನ ಒಬ್ಬ ಹುಡುಗಿ ಎದ್ದು ನಿಂತು, ತನ್ನ ಅಕ್ಕನಿಗೆ ಹೆರಿಗೆ ಆಗಿದ್ದು ಅಲ್ಲೇ ಅಂತ ಹೇಳಿದಳು. ಅಕ್ಕ ಏನು ಓದಿದ್ದಾಳೆ ಅಂತ ನಮ್ಮಲ್ಲೊಬ್ಬಳು ಕೇಳಿದಾಗ, ಪಿಯುಸಿ ಆದ ಮೇಲೆ ಮದುವೆ ಮಾಡಿಬಿಟ್ರು, ಓದೋ ಆಸೆ ಇತ್ತು ಅಂತ ಹೇಳಿ ಕೂತುಕೊಂಡಳು.

ಉತ್ತರ ತಪ್ಪಲ್ಲ. ಆದ್ರೆ ಆ ಹೆಸರಿನ ಹಿಂದೆ ಒಬ್ಬ ಹೆಂಗಸಿದ್ದಾರೆ ಅನ್ನೋದು ಮಕ್ಕಳಿಗೆ ಗೊತ್ತಿರಲಿಲ್ಲ. ನಿಜ ಹೇಳಬೇಕಂದ್ರೆ ಪ್ರಶ್ನೆ ಕೇಳಿದ ನಮಗೂ ಮೈಸೂರಿನ ಮಹಾರಾಣಿ ಅನ್ನೋದರ ಆಚೆಗೆ ಏನೂ ಗೊತ್ತಿರಲಿಲ್ಲ. ವಾಪಸ್ ಬರುವಾಗ ಬಸ್ಸಿನಲ್ಲಿ ನಮಗೇ ನಾಚಿಕೆ ಆಯ್ತು. ಆಮೇಲೆ ಲೈಬ್ರರಿಯಲ್ಲಿ ಕೂತು ಓದಿದ್ವಿ. ಓದಿದಷ್ಟೂ ಆ ಹುಡುಗಿಯ ಅಕ್ಕನ ನೆನಪೇ ಬರ್ತಿತ್ತು. ಯಾಕೆ ಅಂತ ನೀವೇ ನೋಡಿ.

ಕಳಲೆಯ ಹುಡುಗಿ

ಅವರ ಹೆಸರು ಕೆಂಪನಂಜಮ್ಮಣ್ಣಿ. ಹುಟ್ಟಿದ್ದು 1866ರಲ್ಲಿ. ನಂಜನಗೂಡಿಗೆ ಹತ್ತಿರದ ಕಳಲೆಯ ಅರಸು ಮನೆತನದವರು. ಮೈಸೂರು ರಾಜಮನೆತನಕ್ಕೂ ಕಳಲೆಗೂ ತಲೆತಲಾಂತರದಿಂದ ಹೆಣ್ಣು ಕೊಟ್ಟು ತರುವ ಸಂಬಂಧ. ಹಾಗಾಗಿ 1878ರಲ್ಲಿ ಈ ಹುಡುಗಿಗೂ ಹತ್ತನೇ ಚಾಮರಾಜೇಂದ್ರ ಒಡೆಯರಿಗೂ ಮದುವೆ ಆಯ್ತು. ಆಗ ಅವರಿಗೆ ಹನ್ನೆರಡು ವರ್ಷ. ಈಗಿನ ಲೆಕ್ಕದಲ್ಲಿ ಏಳನೇ ಕ್ಲಾಸು.

ಆ ಕಾಲಕ್ಕೆ ಇದೇನೂ ದೊಡ್ಡ ಸುದ್ದಿ ಅಲ್ಲ. ಹನ್ನೆರಡಕ್ಕೆ ಮದುವೆ ಆಗದಿದ್ರೇನೇ ಸುದ್ದಿ. ಶಾಲೆಗೆ ಹೋಗೋ ಮಾತೇ ಇರಲಿಲ್ಲ, ಕಲಿತಿದ್ದೆಲ್ಲ ಮನೆಯಲ್ಲೇ. ಅರಮನೆಯ ಹೆಂಗಸರು ಪರಪುರುಷರ ಕಣ್ಣಿಗೆ ಬೀಳದೆ ಗೋಷಾದಲ್ಲಿ ಇರಬೇಕಿದ್ದ ಕಾಲ ಅದು. ರಾಜ್ಯ ಕೂಡ ಆಗ ಒಡೆಯರ ಕೈಯಲ್ಲಿರಲಿಲ್ಲ. 1831ರಿಂದ ಬ್ರಿಟಿಷ್ ಕಮಿಷನರುಗಳೇ ಮೈಸೂರನ್ನು ಆಳುತ್ತಿದ್ದರು. 1881ರಲ್ಲಿ ಅಧಿಕಾರ ಮತ್ತೆ ಚಾಮರಾಜೇಂದ್ರರ ಕೈಗೆ ಬಂತು. ಆಗ ಕೆಂಪನಂಜಮ್ಮಣ್ಣಿಯವರಿಗೆ ಹದಿನೈದು.

ಅದೇ 1881ರಲ್ಲಿ ಮೈಸೂರಿನಲ್ಲಿ ಒಂದು ಹೆಣ್ಣುಮಕ್ಕಳ ಶಾಲೆ ಶುರುವಾಯ್ತು. ಅದನ್ನು ಕಟ್ಟಿ ಬೆಳೆಸಿದವರು ಅರಮನೆಯ ದರ್ಬಾರ್ ಬಕ್ಷಿ ಆಗಿದ್ದ ಅಂಬಿಲ್ ನರಸಿಂಹ ಅಯ್ಯಂಗಾರ್ಯರು. ಶಾಲೆಗೆ ಇಟ್ಟ ಹೆಸರು ಮಹಾರಾಣಿ ಬಾಲಿಕಾ ಪಾಠಶಾಲೆ. ಅಂದ್ರೆ ತಾವೇ ಶಾಲೆಯ ಮೆಟ್ಟಿಲು ಹತ್ತದ ಹದಿನೈದರ ಮಹಾರಾಣಿಯ ಪದವಿ ಶಾಲೆಯ ಬೋರ್ಡಿನ ಮೇಲೆ ಬಂತು.

ಬರೀ ಶಾಲೆ ತೆರೆದರೆ ಸಾಲದು

ಇದೇ ಮೊದಲ ಹೆಣ್ಣುಮಕ್ಕಳ ಶಾಲೆ ಅಂತ ಹೇಳಿದ್ರೆ ತಪ್ಪಾಗುತ್ತೆ. ಪುಣೆಯಲ್ಲಿ ಸಾವಿತ್ರಿಬಾಯಿ ಫುಲೆ 1848ರಲ್ಲೇ ಹೆಣ್ಣುಮಕ್ಕಳಿಗೆ ಪಾಠ ಶುರುಮಾಡಿದ್ದರು, ಸಗಣಿ ಕಲ್ಲು ಎರಚಿಸಿಕೊಂಡೂ ಬಿಡಲಿಲ್ಲ. ಬೆಂಗಳೂರಿನಲ್ಲೂ 1840ರ ದಶಕದಲ್ಲೇ ಲಂಡನ್ ಮಿಷನ್ನಿನ ಹೆಂಗಸರು ಕನ್ನಡ ಬಾಲಕಿಯರಿಗೆ ಶಾಲೆ ತೆರೆದಿದ್ದರು. ಆದ್ರೆ ಮಿಷನ್ ಶಾಲೆಗೆ ಕಳಿಸಿದ್ರೆ ಮಕ್ಕಳು ಜಾತಿ ಕೆಡ್ತಾರೆ, ಮತ ಬದಲಾಯಿಸ್ತಾರೆ ಅಂತ ಮೇಲ್ಜಾತಿಯ ಮನೆಗಳಲ್ಲಿ ಭಯ. ಆ ಭಯ ಹೋಗಬೇಕಂದ್ರೆ ಶಾಲೆಯ ಹಿಂದೆ ಅರಮನೆಯೇ ನಿಲ್ಲಬೇಕಿತ್ತು. ಸ್ವತಃ ಮಹಾರಾಣಿಯವರ ಹೆಸರಿನ ಶಾಲೆ ಅಂದಮೇಲೆ ಮರ್ಯಾದೆ ಹೋಗುತ್ತೆ ಅಂತ ಯಾರು ಹೇಳ್ತಾರೆ? ಓದಿನ ಜೊತೆಗೆ ಸಂಗೀತ, ಹೊಲಿಗೆ ಕೂಡ ಇಟ್ಟರು. ಮನೆಯವರು ಒಪ್ಪೋ ಹಾಗೆ ಮಾಡಿ, ಅದರ ನಡುವೆ ಅಕ್ಷರ, ಲೆಕ್ಕ, ಭೂಗೋಳ ಕಲಿಸೋ ಉಪಾಯ ಅದು.

ಆದ್ರೂ ಮೂರು ತೊಡಕು ಇದ್ದೇ ಇತ್ತು. ಮೊದಲನೆಯದು ಮದುವೆ. ಹತ್ತು ಹನ್ನೊಂದಕ್ಕೆ ಮದುವೆ ಆಯ್ತು ಅಂದ್ರೆ ಹುಡುಗಿ ಶಾಲೆ ಬಿಟ್ಟಳು ಅಂತಲೇ ಅರ್ಥ. ಎರಡನೆಯದು ಮೇಷ್ಟ್ರು. ಸ್ವಲ್ಪ ದೊಡ್ಡವಳಾದ ಹುಡುಗಿಗೆ ಗಂಡಸರು ಪಾಠ ಹೇಳೋದನ್ನ ಮನೆಯವರು ಒಪ್ತಿರಲಿಲ್ಲ. ಹೆಂಗಸರೇ ಹೇಳಿಕೊಡಬೇಕು ಅಂದ್ರೆ ಓದಿದ ಹೆಂಗಸರು ಎಲ್ಲಿದ್ರು? ಮೂರನೆಯದು ಜಾತಿ. ಮಹಾರಾಣಿ ಶಾಲೆ ಶುರುವಾಗಿದ್ದು ಮೇಲ್ಜಾತಿಯ ಹುಡುಗಿಯರಿಗಾಗಿ. ಕೆಳಗೆ ತಳ್ಳಲ್ಪಟ್ಟವರ ಮಕ್ಕಳಿಗೆ ಆ ಬಾಗಿಲು ಇರಲಿಲ್ಲ. ಶಾಲೆ ಇದ್ದದ್ದೂ ರಾಜಧಾನಿಯಲ್ಲಿ. ದೊಡ್ಡಬೆಳವಂಗಲದಂಥ ಊರಿನ ರೈತನ ಮಗಳು ಅಲ್ಲಿ ಓದೋದನ್ನ ಕನಸಲ್ಲೂ ನೆನೆಸೋ ಹಾಗಿರಲಿಲ್ಲ. ಅರಮನೆಯವರ ಕತೆ ಹೇಳುವಾಗ ಇದನ್ನ ಮುಚ್ಚಿಟ್ಟರೆ ಅದು ಹೊಗಳಿಕೆ ಆಗುತ್ತೆ, ಚರಿತ್ರೆ ಆಗಲ್ಲ.

ಮೊದಲನೆಯ ತೊಡಕಿಗೆ 1894ರಲ್ಲಿ ಮೈಸೂರು ಸರ್ಕಾರ ಕೈ ಹಾಕಿತು. ಎಂಟು ವರ್ಷ ತುಂಬದ ಹುಡುಗಿಗೆ ಮದುವೆ ಮಾಡುವಂತಿಲ್ಲ, ಐವತ್ತು ದಾಟಿದ ಗಂಡಸು ಹದಿನಾಲ್ಕರೊಳಗಿನ ಹುಡುಗಿಯನ್ನ ಮದುವೆ ಆಗುವಂತಿಲ್ಲ ಅಂತ ಕಾನೂನು ಬಂತು. ಇವತ್ತು ಓದಿದ್ರೆ ಮೈ ಉರಿಯುತ್ತೆ, ಬರೀ ಎಂಟು ವರ್ಷವಾ ಅಂತ. ಆದ್ರೆ ಅಷ್ಟಕ್ಕೇ ಆಗ ಧರ್ಮ ಹೋಯ್ತು ಅಂತ ಗಲಾಟೆ ಮಾಡಿದವರಿದ್ದರು. ಎಲ್ಲಿಂದ ಶುರುಮಾಡಬೇಕಿತ್ತು ಅನ್ನೋದು ಈ ಒಂದು ಅಂಕಿಯಿಂದಲೇ ಗೊತ್ತಾಗುತ್ತೆ.

ಕಲ್ಕತ್ತೆಯಿಂದ ಬಂದ ಸುದ್ದಿ

ಅದೇ 1894ರ ಡಿಸೆಂಬರಿನಲ್ಲಿ ಚಾಮರಾಜೇಂದ್ರ ಒಡೆಯರು ಕಲ್ಕತ್ತೆಗೆ ಹೋಗಿದ್ದರು. ಅಲ್ಲಿ ಗಂಟಲಮಾರಿ, ಅಂದ್ರೆ ಡಿಫ್ತೀರಿಯಾ ತಗಲಿ ತೀರಿಕೊಂಡರು. ಅವರಿಗೆ ಇನ್ನೂ ಮೂವತ್ತೊಂದು. ಕೆಂಪನಂಜಮ್ಮಣ್ಣಿಯವರಿಗೆ ಇಪ್ಪತ್ತೆಂಟು. ಮಕ್ಕಳೆಲ್ಲ ಚಿಕ್ಕವರು. ಪಟ್ಟಕ್ಕೆ ಬರಬೇಕಾದ ಹಿರಿಮಗ ಕೃಷ್ಣರಾಜನಿಗೆ ಹತ್ತು ವರ್ಷ.

ಆ ಕಾಲದಲ್ಲಿ ಗಂಡ ಸತ್ತ ಇಪ್ಪತ್ತೆಂಟರ ಹೆಂಗಸಿಗೆ ಸಮಾಜ ಕೊಡ್ತಿದ್ದ ಜಾಗ ಎಂಥದ್ದು ಅಂತ ನಮ್ಮ ಅಜ್ಜಿಯರನ್ನ ಕೇಳಿದ್ರೆ ಸಾಕು. ಅಡುಗೆಮನೆಯ ಮೂಲೆ, ಶುಭಕಾರ್ಯಕ್ಕೆ ಎದುರು ಬರಬಾರದು ಅನ್ನೋ ಮಾತು. ಇವರಿಗೆ ಸಿಕ್ಕಿದ್ದು ಮೈಸೂರು ಸಂಸ್ಥಾನ. 1895ರಲ್ಲಿ ಹತ್ತು ವರ್ಷದ ಹುಡುಗನಿಗೆ ಪಟ್ಟ ಕಟ್ಟಿ, ತಾಯಿಯನ್ನು ರೀಜೆಂಟ್ ಮಾಡಿದರು. ಮಗ ದೊಡ್ಡವನಾಗೋವರೆಗೆ ಅವನ ಪರವಾಗಿ ರಾಜ್ಯ ನೋಡಿಕೊಳ್ಳೋದು ಅವರ ಕೆಲಸ. ದಿವಾನ್ ಕೆ. ಶೇಷಾದ್ರಿ ಅಯ್ಯರ್ ಮತ್ತು ಒಂದು ಮಂತ್ರಾಲೋಚನಾ ಸಭೆ ಜೊತೆಗಿತ್ತು. ಮೇಲೆ ಬ್ರಿಟಿಷ್ ರೆಸಿಡೆಂಟರ ಕಣ್ಣು ಇದ್ದೇ ಇತ್ತು. ಎಲ್ಲವನ್ನೂ ಅವರೊಬ್ಬರೇ ತೀರ್ಮಾನ ಮಾಡಿದ್ರು ಅಂತ ಹೇಳಲ್ಲ. ಆದ್ರೆ ಅವರ ಒಪ್ಪಿಗೆ ಇಲ್ಲದೆ ದೊಡ್ಡದೇನೂ ಆಗ್ತಿರಲಿಲ್ಲ.

ಆ ಏಳು ವರ್ಷ ಸುಲಭದ್ದಾಗಿರಲಿಲ್ಲ. 1897ರಲ್ಲಿ ಹಿರಿಮಗಳು ಜಯಲಕ್ಷ್ಮಮ್ಮಣ್ಣಿಯವರ ಮದುವೆ ಸಮಯದಲ್ಲಿ ಮರದ ಹಳೇ ಅರಮನೆಗೆ ಬೆಂಕಿ ಬಿತ್ತು. ಈಗ ನಾವು ದಸರಾದಲ್ಲಿ ದೀಪಾಲಂಕಾರ ನೋಡೋಕೆ ಹೋಗ್ತೀವಲ್ಲ, ಆ ಅರಮನೆ ಕಟ್ಟೋ ಕೆಲಸ ಶುರುವಾಗಿದ್ದು ಇದಾದ ಮೇಲೆ. 1898ರಲ್ಲಿ ಬೆಂಗಳೂರಿಗೆ ಪ್ಲೇಗ್ ಬಂತು. ಜನ ಊರು ಬಿಟ್ಟು ಓಡಿದರು. ಇಕ್ಕಟ್ಟಿನ ಪೇಟೆ ಬಿಟ್ಟು ಗಾಳಿ ಬೆಳಕು ಇರೋ ಜಾಗದಲ್ಲಿ ಜನ ಇರಲಿ ಅಂತ ಬಸವನಗುಡಿ, ಮಲ್ಲೇಶ್ವರಂ ಬಡಾವಣೆಗಳು ಎದ್ದಿದ್ದು ಆ ಹೊತ್ತಲ್ಲೇ.

ಎಂಜಿನಿಯರಿಂಗ್ ಓದೋ ನಮಗೆ ಅವರ ಕಾಲ ನೆನಪಾಗೋದು ಬೇರೆ ಕಾರಣಕ್ಕೆ. ಹಿರಿಯೂರಿನ ಹತ್ತಿರ ವೇದಾವತಿ ನದಿಗೆ ಮಾರಿಕಣಿವೆಯಲ್ಲಿ 1898ರಲ್ಲಿ ಅಣೆಕಟ್ಟಿನ ಕೆಲಸ ಶುರುವಾಗಿ 1907ರಲ್ಲಿ ಮುಗೀತು. ಅದೇ ವಾಣಿವಿಲಾಸ ಸಾಗರ. ಶಿವನಸಮುದ್ರದಲ್ಲಿ ಕಾವೇರಿ ನೀರಿನಿಂದ ಕರೆಂಟ್ ತೆಗೆದು, ಸುಮಾರು 92 ಮೈಲಿ ದೂರದ ಕೋಲಾರದ ಚಿನ್ನದ ಗಣಿಗೆ 1902ರ ಜೂನಿನಲ್ಲಿ ತಲುಪಿಸಿದರು. ಆಗ ಜಗತ್ತಿನಲ್ಲೇ ಅಷ್ಟು ಉದ್ದದ ಟ್ರಾನ್ಸ್‌ಮಿಷನ್ ಲೈನ್‌ಗಳು ಬೆರಳೆಣಿಕೆಯಷ್ಟು. ಪವರ್ ಸಿಸ್ಟಮ್ಸ್ ಕ್ಲಾಸಿನಲ್ಲಿ ಶಿವನಸಮುದ್ರದ ಹೆಸರು ಬಂದಾಗ ಶೇಷಾದ್ರಿ ಅಯ್ಯರ್ ಹೆಸರು ಬರುತ್ತೆ, ಬರಬೇಕು ಕೂಡ. ಆಗ ಸಂಸ್ಥಾನದ ಮುಖ್ಯಸ್ಥರ ಜಾಗದಲ್ಲಿದ್ದದ್ದು ಹನ್ನೆರಡಕ್ಕೆ ಮದುವೆಯಾದ ಒಬ್ಬ ಹೆಂಗಸು ಅನ್ನೋದನ್ನ ಮಾತ್ರ ನಮಗೆ ಯಾರೂ ಹೇಳಿರಲಿಲ್ಲ.

ಶಾಲೆಯಿಂದ ಕಾಲೇಜಿಗೆ

ಅಣೆಕಟ್ಟು, ಕರೆಂಟು ಕಣ್ಣಿಗೆ ಕಾಣುತ್ತೆ. ಅದೇ ವರ್ಷಗಳಲ್ಲಿ ಕಣ್ಣಿಗೆ ಕಾಣದ ಇನ್ನೊಂದು ಕೆಲಸ ಮಹಾರಾಣಿ ಶಾಲೆಯಲ್ಲಿ ನಡೀತಿತ್ತು. 1890ರ ದಶಕದ ಹೊತ್ತಿಗೆ ಶಾಲೆ ಸರ್ಕಾರದ ಆಡಳಿತಕ್ಕೆ ಬಂದಿತ್ತು. ಹೆಂಗಸರೇ ಪಾಠ ಹೇಳಬೇಕು ಅನ್ನೋ ತೊಡಕಿಗೆ ಎರಡು ದಾರಿ ಹುಡುಕಿದರು. ಒಂದು, ಹೊರಗಿನಿಂದ ಕರೆಸೋದು. ರವೀಂದ್ರನಾಥ ಠಾಕೂರರ ಅಕ್ಕನ ಮಗಳು, ಕಲ್ಕತ್ತೆಯಲ್ಲಿ ಬಿ.ಎ. ಮಾಡಿದ್ದ ಸರಳಾದೇವಿ ಅಷ್ಟು ದೂರದಿಂದ ಬಂದು ಇಲ್ಲಿ ಕೆಲಸ ಮಾಡಿದರು, ಹೆಚ್ಚು ದಿನ ಇರಲಿಲ್ಲ ಅಷ್ಟೇ. ಇನ್ನೊಂದು ದಾರಿ ನಮ್ಮ ಮನೆಗಳ ಒಳಗೇ ಇತ್ತು. ಚಿಕ್ಕ ವಯಸ್ಸಿಗೇ ಗಂಡನನ್ನ ಕಳೆದುಕೊಂಡು ಮೂಲೆ ಸೇರಿದ್ದ ಹುಡುಗಿಯರನ್ನ ಓದಿಸಿ, ತರಬೇತಿ ಕೊಟ್ಟು ಅವರನ್ನೇ ಮೇಷ್ಟ್ರಮ್ಮ ಮಾಡೋದು. ಸಮಾಜ ಬೇಡ ಅಂದ ಹುಡುಗಿಯರೇ ಊರಿನ ಹುಡುಗಿಯರಿಗೆ ಅಕ್ಷರ ಕಲಿಸೋಕೆ ನಿಂತರು. ರೀಜೆಂಟರೂ ಒಬ್ಬ ವಿಧವೆಯೇ ಅನ್ನೋದನ್ನ ಇಲ್ಲಿ ನೆನಪಿಡಬೇಕು. ವಿಧವೆ ಹೊರಗೆ ಬಂದು ಕೆಲಸ ಮಾಡಬಾರದು ಅನ್ನೋರ ಬಾಯಿ ಕಟ್ಟೋಕೆ ಬೇರೆ ಉದಾಹರಣೆ ಬೇಕಿತ್ತಾ?

ಹೊಸ ಶತಮಾನ ಹುಟ್ಟುವ ಹೊತ್ತಿಗೆ ಶಾಲೆ ಬೆಳೆದು ಕಾಲೇಜಾಯ್ತು. ಮೈಸೂರು ವಿಶ್ವವಿದ್ಯಾನಿಲಯ ಇನ್ನೂ ಹುಟ್ಟಿರಲಿಲ್ಲ, ಪರೀಕ್ಷೆ ಎಲ್ಲಾ ಮದರಾಸು ವಿಶ್ವವಿದ್ಯಾನಿಲಯದ್ದು. 1906ರಲ್ಲಿ ಶ್ರೀರಂಗಮ್ಮ ಮತ್ತು ಕೆ.ಡಿ. ರುಕ್ಮಿಣಿಯಮ್ಮ ಬಿ.ಎ. ಪಾಸಾದರು. ಮೈಸೂರು ಸಂಸ್ಥಾನದ ಮೊದಲ ಮಹಿಳಾ ಪದವೀಧರರು ಅವರು. ಆಗಿನ ಮೈಸೂರಿನಲ್ಲಿ ನೂರು ಹೆಂಗಸರಲ್ಲಿ ಒಬ್ಬರಿಗೂ ನೆಟ್ಟಗೆ ಓದಲು ಬರೆಯಲು ಬರುತ್ತಿರಲಿಲ್ಲ. ಅಂಥ ಕಡೆ ಇಬ್ಬರು ಬಿ.ಎ. ಅಂದ್ರೆ ಎಷ್ಟು ದೊಡ್ಡ ಸಂಗತಿ, ಜೊತೆಗೆ ಎಷ್ಟು ಸಣ್ಣ ಸಂಖ್ಯೆ ಅಂತ ಎರಡೂ ಯೋಚನೆ ಬರುತ್ತೆ. 1881ರಲ್ಲಿ ಶಾಲೆ, 1906ರಲ್ಲಿ ಇಬ್ಬರು ಪದವೀಧರರು. ಇಪ್ಪತ್ತೈದು ವರ್ಷದ ಕೆಲಸಕ್ಕೆ ಸಿಕ್ಕ ಫಲ ಅದು.

ಅಷ್ಟರಲ್ಲಿ ರೀಜೆಂಟರ ಕೆಲಸ ಮುಗಿದಿತ್ತು. 1902ರ ಆಗಸ್ಟ್ 8ರಂದು, ಹದಿನೆಂಟು ತುಂಬಿದ ಮಗ ನಾಲ್ವಡಿ ಕೃಷ್ಣರಾಜ ಒಡೆಯರಿಗೆ ವೈಸರಾಯ್ ಕರ್ಜನ್ ಸಮ್ಮುಖದಲ್ಲಿ ಅಧಿಕಾರ ಬಂತು. ತಾಯಿ ಹಿಂದೆ ಸರಿದರು. ಅಧಿಕಾರ ಹಿಡಿದುಕೊಂಡೇ ಇರಬೇಕು ಅಂತ ಜಗ್ಗಾಡಿದವರಲ್ಲ.

ಮಗನ ಕಾಲದಲ್ಲಿ ಬಾಗಿಲು ಇನ್ನಷ್ಟು ತೆರೀತು. 1913ರಲ್ಲಿ ಕಡ್ಡಾಯ ಪ್ರಾಥಮಿಕ ಶಿಕ್ಷಣಕ್ಕೆ ಕಾನೂನು ಬಂತು. 1915ರಲ್ಲಿ, ಸರ್ಕಾರಿ ಶಾಲೆಗಳಲ್ಲಿ ಜಾತಿ ನೋಡದೆ ಎಲ್ಲ ಮಕ್ಕಳನ್ನೂ ಸೇರಿಸಿಕೊಳ್ಳಬೇಕು ಅಂತ ಆದೇಶ ಹೊರಟಿತು. ಆದೇಶ ಹೊರಟ ಮಾತ್ರಕ್ಕೆ ದಲಿತ ಹುಡುಗಿ ಬೆಂಚಿನ ಮೇಲೆ ಕೂತಳು ಅಂತಲ್ಲ, ಅದಕ್ಕೆ ಇನ್ನೂ ಎಷ್ಟೋ ಜಗಳ ಆಗಬೇಕಿತ್ತು. ಆದ್ರೂ ಮೂರನೆಯ ತೊಡಕಿನ ವಿಷಯದಲ್ಲಿ ಸರ್ಕಾರ ಬಾಯಿ ಬಿಟ್ಟಿದ್ದು ಆಗ. 1916ರಲ್ಲಿ ಮೈಸೂರು ವಿಶ್ವವಿದ್ಯಾನಿಲಯ, 1917ರಲ್ಲಿ ಬೆಂಗಳೂರಿನಲ್ಲಿ ಎಂಜಿನಿಯರಿಂಗ್ ಕಾಲೇಜು. ಇದೆಲ್ಲ ನಮಗೆ ಗೊತ್ತಿರೋದೇ.

ತಾಯಿಯ ಕೊನೆಯ ದಿನಗಳು

ಕೆಂಪನಂಜಮ್ಮಣ್ಣಿಯವರ ಮುಂದಿನ ವರ್ಷಗಳಲ್ಲಿ ಸುಖಕ್ಕಿಂತ ಸಾವು ನೋವು ಹೆಚ್ಚು. ಎರಡನೇ ಮಗಳು ಕೃಷ್ಣಾಜಮ್ಮಣ್ಣಿ ಕ್ಷಯದಿಂದ ತೀರಿಕೊಂಡರು. ಆಕೆಯ ಹೆಣ್ಣುಮಕ್ಕಳನ್ನೂ ಅದೇ ಕಾಯಿಲೆ ತೆಗೆದುಕೊಂಡು ಹೋಯ್ತು. ಅರಮನೆಯಲ್ಲಿ ದುಡ್ಡಿತ್ತು, ಡಾಕ್ಟರುಗಳಿದ್ದರು, ಔಷಧಿ ಮಾತ್ರ ಆಗಿನ್ನೂ ಹುಟ್ಟಿರಲಿಲ್ಲ. ಮೈಸೂರಿನಲ್ಲಿ ಆ ಮಗಳ ಹೆಸರಿನಲ್ಲಿ ಕ್ಷಯರೋಗಿಗಳಿಗೆ ಆಸ್ಪತ್ರೆ ಎದ್ದಿತು. ಮಗಳನ್ನ, ಮೊಮ್ಮಕ್ಕಳನ್ನ ಕಳೆದುಕೊಂಡ ಮನೆ ಬೇರೆಯವರ ಮಕ್ಕಳಿಗಾಗಿ ಕಟ್ಟಿಸಿದ ಜಾಗ ಅದು.

1933ರಲ್ಲಿ ಮೈಸೂರಿನಲ್ಲಿ ಹಿಂದೂ ಹೆಂಗಸರ ಆಸ್ತಿ ಹಕ್ಕಿಗೆ ಒಂದು ಕಾನೂನು ಬಂತು, ವಿಧವೆಯರಿಗೆ ಆಸ್ತಿಯಲ್ಲಿ ಪಾಲು ಕೊಡೋದರಲ್ಲಿ ಅದು ದೇಶದಲ್ಲೇ ಮುಂದಿತ್ತು. ಮರುವರ್ಷ, 1934ರಲ್ಲಿ, ಮಹಾರಾಣಿಯವರು ಕಣ್ಣುಮುಚ್ಚಿದರು. 1935ರಲ್ಲಿ ಬೆಂಗಳೂರಿನ ಕೋಟೆ ಹತ್ತಿರ ಹೆಂಗಸರಿಗೆ, ಮಕ್ಕಳಿಗೆ ಅಂತಲೇ ದೊಡ್ಡ ಆಸ್ಪತ್ರೆ ಶುರುವಾಯ್ತು. ದೊಡ್ಡಬೆಳವಂಗಲದ ಮಕ್ಕಳು ಹೇಳಿದ ವಾಣಿವಿಲಾಸ ಆಸ್ಪತ್ರೆ ಅದೇ.

ಕಳಲೆಯಿಂದ ನಂಜನಗೂಡಿಗೆ

ಕತೆ ಇಲ್ಲಿಗೆ ಮುಗಿಸಬಹುದಿತ್ತು. ಆದ್ರೆ ನಮಗೆ ಓದುವಾಗ ಸಿಕ್ಕ ಒಂದು ಕೊಂಡಿ ಹೇಳದೆ ಇರೋಕಾಗಲ್ಲ.

ಜಮ್‌ಷೆಡ್‌ಜಿ ಟಾಟಾ ಒಂದು ವಿಜ್ಞಾನ ಸಂಸ್ಥೆ ಕಟ್ಟಬೇಕು ಅಂತ ಓಡಾಡುತ್ತಿದ್ದದ್ದು ಇವರು ರೀಜೆಂಟ್ ಆಗಿದ್ದ ಕಾಲದಲ್ಲೇ. ಮೈಸೂರು ಜಾಗ ಕೊಡುತ್ತೆ ಅನ್ನೋ ಮಾತು ಆಗಲೇ ಬಂತು, ಮಗನ ಕಾಲದಲ್ಲಿ 371 ಎಕರೆ ಕೈಸೇರಿತು. 1909ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆ, ನಾವೆಲ್ಲ ಟಾಟಾ ಇನ್‌ಸ್ಟಿಟ್ಯೂಟ್ ಅಂತ ಕರೆಯೋದು, ಸ್ಥಾಪನೆ ಆಯ್ತು. ಜಾಗ ಸಿಕ್ಕ ಮಾತ್ರಕ್ಕೆ ಹುಡುಗಿಯರಿಗೆ ಗೇಟು ತೆರೀಲಿಲ್ಲ. 1933ರಲ್ಲಿ ಬೊಂಬಾಯಿಯಿಂದ ಬಂದ ಕಮಲಾ ಅನ್ನೋ ವಿದ್ಯಾರ್ಥಿನಿಗೆ, ಮುಂದೆ ಕಮಲಾ ಸೊಹೊನಿ ಅಂತ ಹೆಸರಾದವರಿಗೆ, ಹುಡುಗಿ ಅನ್ನೋ ಕಾರಣಕ್ಕೇ ನಿರ್ದೇಶಕರಾಗಿದ್ದ ಸಿ.ವಿ. ರಾಮನ್ ಮೊದಲು ಸೀಟು ಕೊಡಲಿಲ್ಲ. ಅವರು ಪಟ್ಟು ಹಿಡಿದ ಮೇಲೆ ಒಂದು ವರ್ಷ ನೋಡೋಣ ಅನ್ನೋ ಷರತ್ತಿನ ಮೇಲೆ ಸೇರಿಸಿಕೊಂಡರು. ಕಮಲಾ ಗೆದ್ದರು.

ಹತ್ತು ವರ್ಷದ ನಂತರ, 1943ರಲ್ಲಿ, ಅದೇ ಸಂಸ್ಥೆಯ ಎಲೆಕ್ಟ್ರಿಕಲ್ ಟೆಕ್ನಾಲಜಿ ವಿಭಾಗಕ್ಕೆ ಇನ್ನೊಬ್ಬ ಹುಡುಗಿ ಸೇರಿದರು. ಹೆಸರು ರಾಜೇಶ್ವರಿ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಗಣಿತ ಎಂ.ಎಸ್ಸಿ. ಮಾಡಿದವರು. ಆಮೇಲೆ ಅಮೆರಿಕದ ಮಿಚಿಗನ್‌ಗೆ ಹೋಗಿ ಪಿಎಚ್.ಡಿ. ಮುಗಿಸಿ, 1953ರಲ್ಲಿ ವಾಪಸ್ ಬಂದು ಅದೇ ಸಂಸ್ಥೆಯಲ್ಲಿ ಮೇಷ್ಟ್ರಾದರು. ಮೈಕ್ರೋವೇವ್, ಆಂಟೆನಾ ಸಂಶೋಧನೆಗೆ ಲ್ಯಾಬ್ ಕಟ್ಟಿದರು. ಕರ್ನಾಟಕದ ಮೊದಲ ಮಹಿಳಾ ಎಂಜಿನಿಯರ್ ಅಂತ ಕರೆಯೋ ರಾಜೇಶ್ವರಿ ಚಟರ್ಜಿ ಇವರೇ. ಇವರ ಅಜ್ಜಿ ಕಮಲಮ್ಮ ದಾಸಪ್ಪ ಮೈಸೂರು ಸಂಸ್ಥಾನದ ಮೊದಮೊದಲ ಮಹಿಳಾ ಪದವೀಧರರಲ್ಲಿ ಒಬ್ಬರು, ಹೆಣ್ಣುಮಕ್ಕಳ ಓದಿಗಾಗಿ ದುಡಿದವರು. ಅಜ್ಜಿ ಓದಿದ್ದರಿಂದ ಮೊಮ್ಮಗಳು ಓದೋದು ಆ ಮನೆಯಲ್ಲಿ ಜಗಳದ ವಿಷಯವೇ ಆಗಲಿಲ್ಲ.

ರಾಜೇಶ್ವರಿಯವರು 1922ರಲ್ಲಿ ಹುಟ್ಟಿದ್ದು ನಂಜನಗೂಡಿನಲ್ಲಿ. ಕೆಂಪನಂಜಮ್ಮಣ್ಣಿಯವರ ಕಳಲೆ ಅಲ್ಲಿಂದ ಕೂಗಳತೆ ಅನ್ನುವಷ್ಟು ಹತ್ತಿರ. ಒಂದೇ ಸೀಮೆ. 1878ರಲ್ಲಿ ಅಲ್ಲಿನ ಹುಡುಗಿಗೆ ಹನ್ನೆರಡಕ್ಕೆ ಮದುವೆ. 1943ರಲ್ಲಿ ಅದೇ ಸೀಮೆಯ ಇನ್ನೊಬ್ಬ ಹುಡುಗಿಗೆ ಎಂಜಿನಿಯರಿಂಗ್ ಲ್ಯಾಬು. ನಡುವೆ ಅರವತ್ತೈದು ವರ್ಷ, ಒಂದು ಶಾಲೆ, ಒಂದಿಷ್ಟು ಕಾನೂನು, ಪಾಠ ಹೇಳಿದ ಹೆಸರಿಲ್ಲದ ಎಷ್ಟೋ ಮೇಷ್ಟ್ರಮ್ಮಂದಿರು.

ಮತ್ತೆ ದೊಡ್ಡಬೆಳವಂಗಲಕ್ಕೆ

ಜನವರಿಯಲ್ಲಿ ಮತ್ತೆ ಹೋಗಿ, ಆ ಮಕ್ಕಳಿಗೆ ಈ ಕತೆಯನ್ನ ಹೇಳಿ ಬಂದ್ವಿ. ಆಸ್ಪತ್ರೆ ಅಂತ ಹೇಳಿದ್ದು ಸರಿ, ಆದ್ರೆ ಆ ಹೆಸರಿನವರು ನಿಮ್ಮಷ್ಟು ವಯಸ್ಸಿಗೆ ಮದುವೆಯಾಗಿ ಎರಡು ವರ್ಷ ಆಗಿತ್ತು ಅಂದಾಗ ಹುಡುಗಿಯರೆಲ್ಲ ಕಣ್ಣರಳಿಸಿ ಮುಖ ಮುಖ ನೋಡಿಕೊಂಡರು.

ಈಗ ಹತ್ತು ಹನ್ನೊಂದಕ್ಕೆ ಮದುವೆ ಇಲ್ಲ, ಕಾನೂನು ಹದಿನೆಂಟು ಅನ್ನುತ್ತೆ. ಮೇಷ್ಟ್ರಮ್ಮಂದಿರಿಗೆ ಕೊರತೆ ಇಲ್ಲ. ಪಿಯುಸಿವರೆಗೆ ಊರಲ್ಲೇ ಓದಬಹುದು. 2006-07ರಲ್ಲಿ ಹೈಸ್ಕೂಲು ಹುಡುಗಿಯರಿಗೆ ಸರ್ಕಾರ ಸೈಕಲ್ ಕೊಡೋಕೆ ಶುರುಮಾಡಿತು. 2023ರ ಜೂನಿನಿಂದ ಸರ್ಕಾರಿ ಬಸ್ಸಿನಲ್ಲಿ ಹೆಂಗಸರಿಗೆ ಟಿಕೆಟ್ ದುಡ್ಡಿಲ್ಲ. ಅಲ್ಲಿಂದ ಬರೋ ನಮ್ಮ ಕ್ಲಾಸಿನವಳು ಹೇಳೋ ಪ್ರಕಾರ, ಬಸ್ ಚಾರ್ಜು ಎಲ್ಲಿಂದ ತರೋದು ಅನ್ನೋ ಮಾತು ಈಗ ಅವರ ಮನೆಯಲ್ಲಿ ನಿಂತಿದೆ. ಸಂಜೆ ಲ್ಯಾಬ್ ಮುಗಿಸಿ ಕತ್ತಲಾದ ಮೇಲೆ ಬಸ್ ಇಳಿದರೆ ಮಾತ್ರ ಈಗಲೂ ಅಕ್ಕಪಕ್ಕದವರು ಅವಳ ಅಮ್ಮನನ್ನ ಪ್ರಶ್ನೆ ಕೇಳ್ತಾರಂತೆ. ಅವಳ ಜೊತೆಯಲ್ಲೇ ಬರೋ ಹುಡುಗನ ಅಮ್ಮನನ್ನ ಯಾರೂ ಏನೂ ಕೇಳಲ್ಲ.

ನಮಗೆ ಈ ಬದುಕಿನಿಂದ ಅರ್ಥ ಆಗಿದ್ದು ಇಷ್ಟು. ಹುಡುಗಿಯ ಓದು ಒಂದು ಶಾಲೆ ಕಟ್ಟಿದ ತಕ್ಷಣ ಬರಲ್ಲ. ಮದುವೆ ವಯಸ್ಸು, ಪಾಠ ಹೇಳೋರು, ಜಾತಿ, ದಾರಿ, ಬಸ್ಸು, ಅಕ್ಕಪಕ್ಕದವರ ಬಾಯಿ, ಹೀಗೆ ಒಂದೊಂದೇ ತೊಡಕು ಬಿಡಿಸಬೇಕು. ಒಬ್ಬರು ಒಂದು ಬಿಡಿಸಿದರೆ ಮುಂದಿನವರು ಇನ್ನೊಂದು. ಮಹಾರಾಣಿಯವರ ಕಾಲ ತನ್ನ ಪಾಲಿನದನ್ನ ಅರ್ಧಂಬರ್ಧ ಆದ್ರೂ ಮಾಡಿತು. ನಮ್ಮ ಪಾಲಿನದು ಇನ್ನೂ ಇದೆ.

ಆ ಒಂಬತ್ತನೇ ಕ್ಲಾಸಿನ ಹುಡುಗಿ ಈ ಸಲ ನಮ್ಮನ್ನ ಬಸ್ ಸ್ಟಾಂಡ್‌ವರೆಗೂ ಬಿಡೋಕೆ ಬಂದಳು. ಮದುವೆ ಆದವರೂ ಪರೀಕ್ಷೆ ಕಟ್ಟಬಹುದಾ ಅಂತ ಕೇಳಿದಳು, ತನಗಲ್ಲ, ಅಕ್ಕನಿಗೆ. ದೂರಶಿಕ್ಷಣದಲ್ಲಿ ಡಿಗ್ರಿ ಮಾಡಬಹುದು ಅಂತ ಹೇಳಿ, ಮೈಸೂರಿನ ಮುಕ್ತ ವಿಶ್ವವಿದ್ಯಾನಿಲಯದ ಬಗ್ಗೆ ಒಂದು ಚೀಟಿಯಲ್ಲಿ ಬರೆದುಕೊಟ್ವಿ. ಅಕ್ಕನ ಮಗುವಿಗೆ ಈಗ ಒಂದು ವರ್ಷ ಅಂತೆ. ಬರೋ ಪ್ರವೇಶದ ಹೊತ್ತಿಗೆ ಅರ್ಜಿ ತುಂಬೋಕೆ ನಾವೇ ಹೋಗಿ ಕೂತ್ಕೋತೀವಿ ಅಂತ ಮಾತು ಕೊಟ್ಟಿದ್ದೀವಿ. ನಮ್ಮ ಸಂಘದ ಮುಂದಿನ ಕಾರ್ಯಕ್ರಮ ಅದೇ. ಬರೋ ಆಸೆ ಇದ್ದೋರು ಹೆಸರು ಕೊಡಿ.